ಲಿಟಲ್ ರಾಕ್‌ನ ಪಾರ್ಕ್ ಸ್ಟ್ರೀಟ್‌ನಲ್ಲಿ

ಡಲ್ಲಾಸ್‌ನಿಂದ ಕಾರಿನಲ್ಲಿ ಸುಮಾರು 5 ಗಂಟೆ ಪ್ರಯಾಣಿಸಿ ಅಮೆರಿಕದ ಅರ್ಕಾನ್ಸಾಸ್ ರಾಜ್ಯದ ರಾಜಧಾನಿ ಲಿಟಲ್ ರಾಕ್ ತಲುಪಿದೆವು. ಅಲ್ಲಿನ ಸೆಂಟ್ರಲ್ ಹೈಸ್ಕೂಲಿನಲ್ಲಿ ಇಂದಿಗೂ ಪಾಠ ನಡೆಯುವುದರಿಂದ, ಮೊದಲೇ ಹೆಸರು ಕೊಟ್ಟವರಿಗೆ ಮಾತ್ರ ರಾಷ್ಟ್ರೀಯ ಉದ್ಯಾನ ಇಲಾಖೆಯ ಮಾರ್ಗದರ್ಶಿಯ (ರೇಂಜರ್) ಜೊತೆಯಲ್ಲಿ ಒಳಗೆ ಪ್ರವೇಶವಿದೆ. ನಾವು ಹೆಚ್ಚು ಹೊತ್ತು ಕಳೆದದ್ದು ಹೊರಗಿನ ಪಾರ್ಕ್ ಸ್ಟ್ರೀಟ್‌ನಲ್ಲೇ.

ಜನಾಂಗದ ಆಧಾರದ ಮೇಲೆ ಶಾಲೆಗಳನ್ನು ಬೇರ್ಪಡಿಸುವುದು ಸಂವಿಧಾನಬಾಹಿರವೆಂದು ಸುಪ್ರೀಂ ಕೋರ್ಟ್ 1954ರಲ್ಲಿ ತೀರ್ಪು ನೀಡಿತ್ತು. ಅದರಂತೆ 9 ಮಂದಿ ಕಪ್ಪು ವಿದ್ಯಾರ್ಥಿಗಳು ಈ ಬಿಳಿಯರ ಶಾಲೆಗೆ ಸೇರಬೇಕಿತ್ತು. 1957ರ ಸೆಪ್ಟೆಂಬರ್ 4ರಂದು ಎಲ್ಲರೂ ಒಟ್ಟಾಗಿ ಹೋಗಬೇಕೆಂಬ ಸೂಚನೆ, ಮನೆಯಲ್ಲಿ ಫೋನ್ ಇಲ್ಲದ ಕಾರಣ, 15 ವರ್ಷದ ಎಲಿಜಬೆತ್ ಎಕ್‌ಫರ್ಡ್‌ಗೆ ತಲುಪಲಿಲ್ಲ. ತಾನೇ ಹೊಲಿದ ಹೊಸ ಉಡುಪು ತೊಟ್ಟು ಒಬ್ಬಳೇ ಬಂದ ಆಕೆಯನ್ನು ರಾಜ್ಯಪಾಲ ಓರ್ವಲ್ ಫೌಬಸ್ ಕಳಿಸಿದ್ದ ಸೈನಿಕರು ತಡೆದರು. ಬೆನ್ನಟ್ಟಿ ಕೂಗುತ್ತಿದ್ದ ಗುಂಪಿನ ನಡುವೆಯೇ ಅವಳು ಬಸ್ ನಿಲ್ದಾಣದ ಬೆಂಚಿನವರೆಗೆ ನಡೆದುಹೋದಳು. ಆ ದಾರಿಯನ್ನು ನಾವೂ ನಡೆದೆವು. ಮಗುವೊಂದು ಒಂಟಿಯಾಗಿ ಸಾಗಲು ಅದು ತೀರಾ ದೀರ್ಘವಾದ ದಾರಿ.

ಅಧ್ಯಕ್ಷ ಐಸೆನ್‌ಹೋವರ್ ಕಳಿಸಿದ ಸೇನೆಯ ಕಾವಲಿನಲ್ಲಿ ಸೆಪ್ಟೆಂಬರ್ 25ರಂದು ಮಕ್ಕಳು ಒಳಗೆ ಹೋದರು ಎಂಬಲ್ಲಿಗೆ ಈ ಕಥೆಯನ್ನು ಮುಗಿಸುವವರೇ ಹೆಚ್ಚು. ಆದರೆ ಗ್ಲೋರಿಯಾ ರೇ ಎಂಬ ವಿದ್ಯಾರ್ಥಿನಿಯ ತಾಯಿ ಸರ್ಕಾರಿ ಕೆಲಸ ಕಳೆದುಕೊಂಡರು. ಮಕ್ಕಳಿಗೆ ಆಸರೆಯಾಗಿದ್ದ ಡೇಸಿ ಬೇಟ್ಸ್ ದಂಪತಿಯ ಪತ್ರಿಕೆ ಜಾಹೀರಾತುಗಳಿಲ್ಲದೆ 1959ರಲ್ಲಿ ನಿಂತುಹೋಯಿತು.

ನನ್ನನ್ನು ಹೆಚ್ಚು ಕಲಕಿದ್ದು ಆ ಮಕ್ಕಳು ಶಾಲೆಗೆ ಸೇರಿದ ಮರುವರ್ಷದ ಸಂಗತಿ. ಕಪ್ಪು ಮಕ್ಕಳೊಡನೆ ಕಲಿಯುವುದಕ್ಕಿಂತ ಶಾಲೆಯೇ ಬೇಡವೆಂಬಂತೆ 1958–59ರಲ್ಲಿ ನಗರದ ಸರ್ಕಾರಿ ಹೈಸ್ಕೂಲುಗಳನ್ನೆಲ್ಲ ಮುಚ್ಚಲಾಯಿತು. ಗುತ್ತಿಗೆಗೆ ಬದ್ಧರಾದ ಶಿಕ್ಷಕರು ಖಾಲಿ ಕೊಠಡಿಗಳಿಗೆ ಬಂದು ಕೂರುತ್ತಿದ್ದರು. ಫುಟ್‌ಬಾಲ್ ಪಂದ್ಯಗಳು ಮಾತ್ರ ನಿಲ್ಲಲಿಲ್ಲ. ಬೀದಿಪಾಲಾದ ಸುಮಾರು 3,600 ವಿದ್ಯಾರ್ಥಿಗಳಲ್ಲಿ ಬಹುಪಾಲು ಬಿಳಿಯರಿಗೆ ಖಾಸಗಿ ಶಾಲೆಯೋ ಬೇರೆ ಊರಿನ ನೆಂಟರ ಮನೆಯೋ ದೊರೆಯಿತು. ಕಪ್ಪು ವಿದ್ಯಾರ್ಥಿಗಳಲ್ಲಿ ಸುಮಾರು ಅರ್ಧದಷ್ಟು ಮಂದಿಗೆ ಆ ವರ್ಷ ಯಾವ ಶಾಲೆಯೂ ಇರಲಿಲ್ಲ. ಸೆಂಟ್ರಲ್‌ನ ಮೆಟ್ಟಿಲನ್ನೇ ತುಳಿಯದ ಈ ಮಕ್ಕಳ ನಷ್ಟವನ್ನೂ ಆ ಒಂಬತ್ತು ಮಂದಿಯ ಧೈರ್ಯದಷ್ಟೇ ಗಟ್ಟಿಯಾಗಿ ಹೇಳಬೇಕೆಂಬುದು ನನ್ನ ನಂಬಿಕೆ.

ಶಾಲೆಗಳು 1959ರ ಆಗಸ್ಟ್‌ನಲ್ಲಿ ಮತ್ತೆ ತೆರೆದವು. ಆ ಒಂಬತ್ತು ಮಂದಿಯಲ್ಲಿ ಒಬ್ಬಳಾದ, ಸೆಂಟ್ರಲ್‌ಗೆ ಮರಳಿದ ಕಾರ್ಲಾಟಾ ವಾಲ್ಸ್‌ಳ ಮನೆಯ ಮೇಲೆ 1960ರ ಫೆಬ್ರವರಿಯಲ್ಲಿ ಬಾಂಬ್ ದಾಳಿ ನಡೆಯಿತು. ಮರುದಿನ ಅವಳು ಎಂದಿನಂತೆ ಶಾಲೆಗೆ ಹೋದಳು; ಅದೇ ವರ್ಷ ಅಲ್ಲಿಯೇ ತೇರ್ಗಡೆಯಾದಳು.