ಕಪೆರ್ನೌಮಿನ ಬಿಳಿ ಕಂಬಗಳು

ಇಸ್ರೇಲಿನ ತಿಬೇರಿಯ ಪಟ್ಟಣದಿಂದ, ಯೇಸು ಓಡಾಡಿದ ಹಾಳೂರು ಕಪೆರ್ನೌಮಿಗೆ ಹೊರಟರೆ ಬಲಗಡೆಗೆ ಗಲಿಲಾಯ ಸಮುದ್ರ ಜೊತೆಗೂಡುತ್ತದೆ. ಹೆಸರಿಗೆ ಸಮುದ್ರ, ಅಸಲಿಗೆ ಸಿಹಿನೀರಿನ ಸರೋವರ. ಸಮುದ್ರಮಟ್ಟಕ್ಕಿಂತ ಇನ್ನೂರು ಮೀಟರಿಗೂ ಕೆಳಗಿದೆ. ಬೆಳಗಿನ ಎಂಟೂವರೆಗೇ ಬೆವರು ಇಳಿಯುತ್ತಿತ್ತು. ನನ್ನ ಚಡ್ಡಿ ನೋಡಿದ ಗೇಟಿನ ಕಾವಲುಗಾರ ಒಳಗೆ ಬಿಡಲಿಲ್ಲ. ಚೀಲದ ಟವೆಲನ್ನು ಸೊಂಟಕ್ಕೆ ಸುತ್ತಿಕೊಂಡೆ. ಲುಂಗಿ ಉಟ್ಟು ಬೆಳೆದವನಿಗೆ ಅದೇನು ಕಷ್ಟ?

ಒಳಗೆ ಎಲ್ಲವೂ ಕಪ್ಪು. ಮನೆಗಳ ಮೋಟುಗೋಡೆ, ಹೊಸ್ತಿಲು, ಬೀಸುವ ಕಲ್ಲು, ಎಲ್ಲವೂ ಈ ನೆಲದ್ದೇ ಆದ ಕರಿಯ ಬಸಾಲ್ಟ್. ಅದರ ನಡುವೆ ಹೊರಗಿನಿಂದ ತಂದ ಸುಣ್ಣಕಲ್ಲಿನಲ್ಲಿ ಕಟ್ಟಿದ ಸಿನಗಾಗ್, ಅಂದರೆ ಯೆಹೂದಿಗಳ ಪ್ರಾರ್ಥನಾಮಂದಿರ, ಒಂದೇ ಬೆಳ್ಳಗೆ ಎದ್ದು ನಿಂತಿದೆ. ಅಷ್ಟು ಕಲ್ಲನ್ನು ಸಾಗಿಸಿ ತರುವಷ್ಟು ದುಡ್ಡು ಈ ಬೆಸ್ತರ ಊರಿಗೆ ಎಲ್ಲಿಂದ ಬಂತೆಂದು ಯೋಚಿಸುತ್ತ ನೆರಳಿಗೆ ಸರಿದೆ.

ಬೈಬಲಿನ ಲೂಕನ ಸುವಾರ್ತೆಯಲ್ಲಿ ಶತಾಧಿಪತಿಯೊಬ್ಬ, ಅಂದರೆ ನೂರು ಸೈನಿಕರ ಮುಖ್ಯಸ್ಥನೊಬ್ಬ, ಕಟ್ಟಿಸಿಕೊಟ್ಟ ಸಭಾಮಂದಿರ ಇದೇ ಎಂದು ಪಕ್ಕದ ಗುಂಪಿನ ಮಾರ್ಗದರ್ಶಿ ವಿವರಿಸುತ್ತಿದ್ದ. ಅಲ್ಲ. 1968ರಿಂದ ಇಲ್ಲಿ ಅಗೆದ, ಫ್ರಾನ್ಸಿಸ್ಕನ್ ಎಂಬ ಕ್ಯಾಥೊಲಿಕ್ ಸನ್ಯಾಸಿ ಪಂಗಡದ ಪುರಾತತ್ವಜ್ಞರಾದ ಕೊರ್ಬೊ ಮತ್ತು ಲೊಫ್ರೆಡಾ ಅವರಿಗೆ ನೆಲಹಾಸಿನ ಅಡಿಯಲ್ಲಿ ಸಾವಿರಾರು ನಾಣ್ಯಗಳು ಸಿಕ್ಕವು. ಅವು ನಾಲ್ಕು, ಐದನೆಯ ಶತಮಾನದವರೆಗೂ ಬರುತ್ತವೆ, ಅಂದರೆ ಅವುಗಳ ಮೇಲಿನ ನೆಲಹಾಸು ಅದಕ್ಕಿಂತ ಹಳೆಯದಾಗಿರಲಾರದು. ಕೆಲವು ವಿದ್ವಾಂಸರು ಕಟ್ಟಡ ಇನ್ನೂ ಹಳೆಯದೆಂದು ವಾದಿಸುತ್ತಾರೆ. ನನಗೆ ನಾಣ್ಯಗಳ ಮಾತೇ ಸಾಕು. ಯೇಸುವಿನ ಕಾಲದ್ದೇನಾದರೂ ಇದ್ದರೆ ಅದು ಬಿಳಿ ಗೋಡೆಯ ಕೆಳಗೆ ಇಣುಕುವ ಕರಿಯ ಅಡಿಪಾಯ ಇರಬೇಕು. ಅದರ ಬಗ್ಗೆಯೂ ಜಗಳ ಮುಗಿದಿಲ್ಲ.

ಅಲ್ಲಿಂದ ಕೆರೆಯ ಕಡೆಗೆ ಸುಮಾರು ಮೂವತ್ತು ಮೀಟರ್ ನಡೆದರೆ ಯೇಸುವಿನ ಶಿಷ್ಯ ಪೇತ್ರನ ಮನೆ ಎನ್ನುವ ಜಾಗ. ಅದರ ಮೇಲೆ 1990ರಲ್ಲಿ ಕಟ್ಟಿದ ಆಧುನಿಕ ಚರ್ಚು ಹಾರುವ ತಟ್ಟೆಯಂತೆ ಕೂತಿದೆ. ಚೆಂದವಿಲ್ಲ, ಆದರೆ ಗಾಜಿನ ನೆಲದಿಂದ ಕೆಳಗಿನದು ಕಾಣುವುದರಿಂದ ಕ್ಷಮಿಸಿದೆ. ಕೆಳಗಿರುವುದು ಐದನೆಯ ಶತಮಾನದ ಎಂಟುಮೂಲೆಯ ಚರ್ಚಿನ ತಳಪಾಯ, ಅದರಡಿಯಲ್ಲಿ ಒಂದು ಸಾಮಾನ್ಯ ಮನೆಯ ಕೋಣೆ. ಆ ಕೋಣೆಯ ಗೋಡೆಗೆ ಮತ್ತೆ ಮತ್ತೆ ಗಾರೆ ಬಳಿದು, ಭಕ್ತರು ಗ್ರೀಕಿನಲ್ಲಿ ಗೀಚಿದ್ದಾರೆ. ಪೇತ್ರ ನಿಜವಾಗಿ ಇಲ್ಲಿದ್ದನೋ ಏನೋ, ಇದ್ದನೆಂದು ಜನ ನಂಬಿದ್ದು ಮಾತ್ರ ಬಹಳ ಹಿಂದೆಯೇ.

ಕ್ರಿ.ಶ. 70ರಲ್ಲಿ ರೋಮನ್ನರು ಜೆರುಸಲೇಮಿನ ದೇವಾಲಯವನ್ನು ಸುಟ್ಟರು, ಅಲ್ಲಿಗೆ ಯೆಹೂದಿಗಳ ಕಥೆ ಕುಗ್ಗಿತು, ಕ್ರೈಸ್ತರದು ಬೆಳೆಯಿತು ಎಂದೇ ನಾನು ಓದಿಕೊಂಡಿದ್ದೆ. ಈ ಮೂವತ್ತು ಮೀಟರ್ ಅದನ್ನು ಒಪ್ಪುವುದಿಲ್ಲ. ಈ ಸಿನಗಾಗ್, ಆ ಎಂಟುಮೂಲೆಯ ಚರ್ಚು ಎದ್ದದ್ದು ರೋಮನ್ ಸಾಮ್ರಾಜ್ಯವೇ ಕ್ರೈಸ್ತವಾಗಿ ಹೋಗಿದ್ದ ಕಾಲದಲ್ಲಿ. ಚಕ್ರವರ್ತಿ ಎರಡನೆಯ ಥಿಯೊಡೋಸಿಯಸ್ 438ರ ಕಾನೂನಿನಲ್ಲಿ ಹೊಸ ಸಿನಗಾಗ್ ಕಟ್ಟುವುದನ್ನು ನಿಷೇಧಿಸಿದ, ಹಳೆಯದರ ದುರಸ್ತಿಗಷ್ಟೇ ಅವಕಾಶ ಕೊಟ್ಟ. ಅಂಥ ಕಾಲದಲ್ಲೂ ಚರ್ಚಿನ ಎದುರೇ ಅದಕ್ಕಿಂತ ದೊಡ್ಡ ಸಿನಗಾಗ್! ಹೊಂದಿಕೊಂಡಿದ್ದರೋ, ಪೈಪೋಟಿಗೆ ಬಿದ್ದಿದ್ದರೋ, ಕಲ್ಲು ಹೇಳುವುದಿಲ್ಲ.

ವಾಪಸು ಬರುವಾಗ ಸಿನಗಾಗಿನ ಒಂದು ಕಂಬದ ಅರಮಾಯಿಕ್ ಭಾಷೆಯ ಬರಹದ ಮುಂದೆ ನಿಂತೆ. ಯೋಹಾನನ ಮಗ ಜೆಬಿದನ ಮಗ ಹಲ್ಫು ಈ ಕಂಬ ಮಾಡಿಸಿದ, ಅವನಿಗೆ ಒಳ್ಳೆಯದಾಗಲಿ ಎಂದು ಅದರ ಅರ್ಥ. ಸುವಾರ್ತೆಯ ಅಲ್ಫಾಯ, ಜೆಬೆದಾಯ, ಯೋಹಾನರ ಹೆಸರುಗಳೇ! ಮಾರ್ಗದರ್ಶಿ ಈಗಲೂ ಅದನ್ನೇ ಹಿಡಿದು ಉತ್ಸಾಹದಲ್ಲಿದ್ದ. ಆದರೆ ಹಲ್ಫು ಕಾಣಿಕೆ ಕೊಟ್ಟದ್ದು ಅವರ ಕಾಲದ ನಂತರ ಮುನ್ನೂರು ವರ್ಷಕ್ಕೂ ಹೆಚ್ಚು ಕಳೆದ ಮೇಲೆ, ಸಿನಗಾಗಿಗೆ.