ಎಡಗೈಗೆ ಒಗ್ಗಿದ ಪಿಸ್ತೂಲು

ಕಲಬುರಗಿ, 15 ನವೆಂಬರ್ 2025, ಶನಿವಾರ

ಬೆಳಿಗ್ಗೆ ಆರೂವರೆಗೆಲ್ಲ ಫೈರಿಂಗ್ ರೇಂಜ್ ತಲುಪಿದೆವು. ದಾರಿಯುದ್ದಕ್ಕೂ ತೊಗರಿ ಹೂ ಬಿಟ್ಟು ಹೊಲವೆಲ್ಲ ಹಳದಿ. ಚಳಿಗೆ ಬೆರಳು ಸ್ವಲ್ಪ ಸೆಟೆದಿದ್ದವು. ಪೊಲೀಸ್ ಕೆಲಸದಲ್ಲಿ ವರ್ಷದ ಫೈರಿಂಗ್ ಪ್ರಾಕ್ಟೀಸ್ ನನಗೆ ಹೊಸದಲ್ಲ. ಆದರೆ ಇವತ್ತು ಕೈಗೆ ಬಂದದ್ದು ಗ್ಲಾಕ್ 17, ಅದರಲ್ಲೂ ಐದನೇ ತಲೆಮಾರಿನದು. ಇಷ್ಟು ದಿನ ನನ್ನ ಪಾಲಿಗೆ ಪಿಸ್ತೂಲು ಅಂದ್ರೆ ಬಂಗಾಳದ ಈಶಾಪುರ್ ಕಾರ್ಖಾನೆಯ 9 ಎಂಎಂ ಆಟೋ ಪಿಸ್ತೂಲು ಮಾತ್ರ.

ನಾನು ಎಡಚಿ. ಚಿಕ್ಕವಳಿದ್ದಾಗ ಎಡಗೈಲಿ ರೊಟ್ಟಿ ಮುರಿದರೆ ಆಯಿ ಕೈಮೇಲೆ ಒಂದು ಕೊಡುತ್ತಿದ್ದಳು. ಅಂಗಡಿಯಲ್ಲಿ ದುಡ್ಡು ಬಲಗೈಲೇ ಕೊಡಬೇಕು. ಊಟ, ಕೊಡೋದು, ತಗೊಳ್ಳೋದು ಎಲ್ಲ ಬಲಗೈಗೆ ರೂಢಿಯಾಯಿತು. ಬರೆಯುವುದು, ಕಲ್ಲು ಎಸೆಯುವುದು, ಗುರಿ ಹಿಡಿಯುವುದು ಎಡಗೈಗೇ ಉಳಿಯಿತು. ಹಳೇ ಪಿಸ್ತೂಲಿನ ಸೇಫ್ಟಿ, ಅಂದರೆ ತಪ್ಪಿ ಗುಂಡು ಹಾರದಂತೆ ತಡೆಯುವ ಸಣ್ಣ ಕೀಲಿ, ಇರುವುದು ಎಡ ಪಕ್ಕದಲ್ಲಿ. ಬಲಗೈಯವರ ಹೆಬ್ಬೆರಳು ಸೀದಾ ಅದರ ಮೇಲೆ ಕೂರುತ್ತದೆ, ನನ್ನ ಹೆಬ್ಬೆರಳು ಆಚೆ ಕಡೆ ಇರುತ್ತದೆ. ಪ್ರತಿ ಸಲ ಇನ್ನೊಂದು ಕೈಯಿಂದ ಒತ್ತಬೇಕು, ಆಮೇಲೆ ಹಿಡಿತ ಸರಿ ಮಾಡಿಕೊಳ್ಳಬೇಕು. ಟ್ರೇನಿಂಗ್‌ನಲ್ಲಿ ಒಬ್ಬರು ಬಲಗೈಲೇ ಹೊಡೀಬೇಕು ಅಂತ ಪಟ್ಟು ಹಿಡಿದಿದ್ದರು. ನನ್ನ ಸ್ಕೋರ್ ನೆಲ ಕಚ್ಚಿತು. ಅದು ಇವತ್ತಿಗೂ ಚುಚ್ಚುತ್ತದೆ.

ಇವತ್ತು ಕಲಿಸಿದ ಆರ್‌ಎಸ್‌ಐ (ರಿಸರ್ವ್ ಸಬ್ ಇನ್ಸ್‌ಪೆಕ್ಟರ್) ಸರ್ ಹಾಗಲ್ಲ. "ಎಡಗೈಯಾಗ ಹಿಡೀತೀರೇನ್ರೀ ಮೇಡಮ್? ಹಿಡೀರಿ, ಇದಕ್ಕ ಎರಡೂ ಕೈ ಒಂದೇ" ಅಂದರು.

ಮೊದಲು ಗುಂಡು ತುಂಬುವ ಮ್ಯಾಗಜಿನ್ ತೆಗೆದರು. ಮೇಲ್ಭಾಗದ ಜಾರುವ ಸ್ಲೈಡ್ ಹಿಂದಕ್ಕೆ ಎಳೆದು, ಗುಂಡು ಕೂರುವ ಚೇಂಬರ್ ಖಾಲಿ ಇದೆ ಅಂತ ತೋರಿಸಿದರು, ನನ್ನ ಕೈಲೂ ಬೆರಳಿಟ್ಟು ನೋಡಿಸಿದರು. ಆಮೇಲೇ ಕೈಗೆ ಕೊಟ್ಟರು. ಹಗುರ! ಹಿಡಿ, ಚೌಕಟ್ಟು ಎಲ್ಲ ಪಾಲಿಮರ್, ಅಂದರೆ ಗಟ್ಟಿ ಪ್ಲಾಸ್ಟಿಕ್. 17 ಗುಂಡು ತುಂಬಿದ ಮೇಲೂ ತೂಕ ಸುಮಾರು 900 ಗ್ರಾಂ. ಉಕ್ಕಿನ ಹಳೇ ಪಿಸ್ತೂಲು ಖಾಲಿ ಇದ್ದಾಗಲೇ ಅಷ್ಟು ತೂಗುತ್ತದೆ, ಅದರ ಮ್ಯಾಗಜಿನ್‌ನಲ್ಲಿ ಹಿಡಿಯುವುದು 13 ಗುಂಡು. ಶಾಲೆಯಲ್ಲಿದ್ದಾಗ ನಮ್ಮ ಕಲಬುರಗಿ ಕೋಟೆಯ ಬಾರಾ ಗಜಿ ತೋಪು ಅನ್ನೋ ಫಿರಂಗಿಯ ಪಕ್ಕ ನಿಂತು ಬೆರಗಾಗುತ್ತಿದ್ದೆ. ಅದು 29 ಅಡಿ ಉದ್ದ. ಇದರ ಬ್ಯಾರೆಲ್ ಬರೀ 114 ಮಿಲಿಮೀಟರ್. ಇವತ್ತಿನ ಬೆರಗೂ ಅದಕ್ಕೇನು ಕಡಿಮೆ ಇರಲಿಲ್ಲ.

ಹಿಂದಕ್ಕೆ ಎಳೆದ ಸ್ಲೈಡನ್ನು ಹಿಡಿದಿಡುವ ಸ್ಲೈಡ್ ಸ್ಟಾಪ್ ಎರಡೂ ಪಕ್ಕದಲ್ಲಿದೆ. ಎಡ ಹೆಬ್ಬೆರಳಿಂದ ಒತ್ತಿದೆ, ಸ್ಲೈಡ್ ಖಟ್ ಅಂತ ಮುಂದಕ್ಕೆ ಬಂತು. ಇನ್ನೊಂದು ಕೈ ಬೇಕಾಗಲಿಲ್ಲ. ಸುಮ್ನೆ ಮೂರು ನಾಲ್ಕು ಸಲ ಮಾಡಿ ನೋಡಿದೆ, ಅಷ್ಟು ಖುಷಿಯಾಯಿತು. ಮ್ಯಾಗಜಿನ್ ಬೀಳಿಸುವ ಬಟನ್ನನ್ನು ಬಿಚ್ಚಿ ಬಲ ಪಕ್ಕಕ್ಕೂ ಹಾಕಬಹುದಂತೆ. ಬೇಡ ಅಂದೆ. ಈ ಪಿಸ್ತೂಲು ನಾಳೆ ಬೇರೆಯವರ ಕೈಗೂ ಹೋಗುತ್ತದೆ. ಮೇಲಾಗಿ ಬಟನ್ ಎಡ ಪಕ್ಕದಲ್ಲಿದ್ದರೆ ನನ್ನ ತೋರುಬೆರಳಿಗೇ ಸಿಗುತ್ತದೆ, ಹಿಡಿತ ಕದಲುವುದೂ ಇಲ್ಲ.

ನನ್ನ ಅಂಗೈ ಸಣ್ಣದು. ಹಿಡಿಯ ಬೆನ್ನಿಗೆ ಒಂದು ಪಟ್ಟಿ ಕೂಡಿಸಿದ್ದರು. ಸರ್ ಒಂದು ಪಿನ್ ಹೊರಗೆ ತಳ್ಳಿ ಆ ಪಟ್ಟಿ ಕಳಚಿದರು. ಬೆರಳು ಟ್ರಿಗರ್ ಮೇಲೆ ಸರಿಯಾಗಿ ಕೂತಿತು. ಪಕ್ಕದ ಲೇನ್‌ನಲ್ಲಿ ಹಳೇ ತಲೆಮಾರಿನ ಗ್ಲಾಕ್ ಇತ್ತು, ಅದರ ಹಿಡಿಯ ಮುಂದೆ ಬೆರಳಿಗೆ ಅಂತ ಉಬ್ಬು ತಗ್ಗು ಮಾಡಿದ್ದಾರೆ. ನನ್ನ ಬೆರಳು ಆ ಉಬ್ಬುಗಳ ಮೇಲೇ ಬರುತ್ತಿದ್ದವು. 2017ರಲ್ಲಿ ಬಂದ ಈ ಮಾದರಿಯಲ್ಲಿ ಅದನ್ನು ತೆಗೆದುಬಿಟ್ಟಿದ್ದಾರೆ, ಒಳ್ಳೇದಾಯಿತು. ಗ್ಲಾಕ್ ಪಿಸ್ತೂಲು ರೂಪಿಸಿದ ಆಸ್ಟ್ರಿಯಾದ ಗ್ಯಾಸ್ಟನ್ ಗ್ಲಾಕ್ ಪಿಸ್ತೂಲಿಗೂ ಮೊದಲು ಪರದೆ ಕಡ್ಡಿ, ಚಾಕು ತಯಾರಿಸುತ್ತಿದ್ದವರು. 1982ರಲ್ಲಿ ಅಲ್ಲಿನ ಸೇನೆ ಅವರ ಪಿಸ್ತೂಲನ್ನೇ ಆರಿಸಿಕೊಂಡಿತು.

ಆದರೆ ಒಂದು ವಿಷಯಕ್ಕೆ ಎದೆ ಡವಡವ ಅಂತು. ಹೊರಗಡೆ ಸೇಫ್ಟಿ ಲಿವರ್ ಅನ್ನೋದೇ ಇಲ್ಲ. ಟ್ರಿಗರ್ ಮಧ್ಯೆ ಒಂದು ಸಣ್ಣ ನಾಲಿಗೆ ಇದೆ, ಅದು ಅದುಮಿದರೆ ಮಾತ್ರ ಟ್ರಿಗರ್ ಹಿಂದಕ್ಕೆ ಬರುತ್ತದೆ. ಒಳಗೆ ಇನ್ನೆರಡು ತಡೆ ಇವೆ: ಒಂದು ಗುಂಡನ್ನು ಬಡಿದು ಸಿಡಿಸುವ ಫೈರಿಂಗ್ ಪಿನ್ ಮುಂದೆ ಹೋಗದಂತೆ ಹಿಡಿಯುತ್ತದೆ, ಇನ್ನೊಂದು ಪಿಸ್ತೂಲು ಕೆಳಗೆ ಬಿದ್ದರೂ ಗುಂಡು ಹಾರದಂತೆ ಕಾಯುತ್ತದೆ. ಟ್ರಿಗರ್ ಎಳೆಯುತ್ತಾ ಹೋದಂತೆ ಮೂರೂ ಒಂದಾದ ಮೇಲೊಂದು ತೆರೆದುಕೊಳ್ಳುತ್ತವೆ. ಅಂದರೆ ಬೆರಳೇ ಸೇಫ್ಟಿ. ಟ್ರಿಗರ್ ಪೂರ್ತಿ ಮುಚ್ಚುವ ಗಟ್ಟಿ ಹೋಲ್‌ಸ್ಟರ್ ಇಲ್ಲದೆ ಇದನ್ನು ಸೊಂಟಕ್ಕೆ ಸಿಗಿಸಲೇಬಾರದು. ಇನ್ನೂ ಒಂದಿದೆ: ಸ್ವಚ್ಛ ಮಾಡಲು ಬಿಚ್ಚುವ ಮೊದಲು ಟ್ರಿಗರ್ ಎಳೆಯಲೇಬೇಕು. ಚೇಂಬರ್ ಖಾಲಿ ಇದೆಯಾ ಅಂತ ಎರಡು ಸಲ ನೋಡದೆ ಬಿಚ್ಚಲು ಕೂತರೆ ಅನಾಹುತವೇ. ಸರ್ ಮೊದಲೇ ಬೆರಳಿಟ್ಟು ನೋಡಿಸಿದ್ದು ಯಾಕೆ ಅಂತ ಆಗ ಅರ್ಥವಾಯಿತು.

15 ಗಜದಿಂದ 20 ರೌಂಡ್. ಹಿಂದಿನ ಸೈಟ್ ಬಿಳಿ ಅಂಚಿನ ಬಟ್ಟಲಿನ ಹಾಗೆ, ಮುಂದಿನದು ಬಿಳಿ ಚುಕ್ಕೆ. ಚುಕ್ಕೆಯನ್ನು ಬಟ್ಟಲಲ್ಲಿ ಕೂರಿಸಿದರೆ ಆಯಿತು. ಸೈಟ್ ಪ್ಲಾಸ್ಟಿಕ್‌ದು. ಅದೊಂದು ಲೋಹದ್ದಿರಬೇಕಿತ್ತು ಅನ್ನಿಸಿತು. ಮೊದಲ ಐದೂ ಕೆಳಗೆ ಬಲಕ್ಕೆ ಬಿದ್ದವು. ಎಡಗೈಯವರು ಟ್ರಿಗರ್ ಕಿತ್ತು ಎಳೆದರೆ ಹಾಗೇ ಆಗೋದು. "ಪೂರ್ತಿ ಬಿಡಬ್ಯಾಡ್ರಿ. ಟಿಕ್ ಅನ್ನೋ ತನಕ ಅಷ್ಟೇ ಬಿಡ್ರಿ" ಅಂದರು ಸರ್. ಗುಂಡು ಹಾರಿದ ಮೇಲೆ ಬೆರಳನ್ನು ನಿಧಾನ ಮುಂದೆ ಬಿಟ್ಟೆ. ಒಂದು ಸಣ್ಣ ಟಿಕ್, ಕಿವಿಗಿಂತ ಜಾಸ್ತಿ ಬೆರಳಿಗೇ ಗೊತ್ತಾಗುವಂಥದ್ದು. ಟ್ರಿಗರ್ ಮತ್ತೆ ಸಜ್ಜಾಯಿತು ಅಂತ ಅದರರ್ಥ. ಅಲ್ಲಿಂದ ಮತ್ತೆ ಅದುಮಿದೆ. ಕೊನೆಯ ಎಂಟು ಗುಂಡು ಒಂದು ಅಂಗೈ ಅಗಲದಲ್ಲಿ ಕೂತವು. ನನ್ನ ಅಂಗೈ, ಸಣ್ಣ ಅಂಗೈ.

ಚಹಾ ಕುಡಿಯುವಾಗ ತಮ್ಮನಿಗೆ ಫೋನ್ ಮಾಡಿದೆ. "ಅಕ್ಕಾ, ನಮಗೂ ಲೈಸೆನ್ಸ್ ಮ್ಯಾಲ ಸಿಗ್ತದೇನು?" ಅಂದ. ಇಲ್ಲಪ್ಪ, 9 ಎಂಎಂ ನಿಷೇಧಿತ ಬೋರ್ (ನಳಿಕೆಯ ಅಳತೆ), ಜನಸಾಮಾನ್ಯರಿಗಲ್ಲ ಅಂದೆ. ಅದು ಹಾಗೇ ಇರಲಿ.

ಹೊರಡುವ ಮೊದಲು ಹಾರಿಸಿದ ಗುಂಡುಗಳ ಖಾಲಿ ಕೇಸ್ ಎಣಿಸಿದರೆ 19. ಲೆಕ್ಕ ಕೂಡದೆ ಯಾರೂ ಹೋಗುವ ಹಾಗಿಲ್ಲ. ಬಿಸಿಲು ಏರುತ್ತಿತ್ತು, ಐದು ಜನ ಬಗ್ಗಿ ಹುಡುಕಿದೆವು. ಎರೆಮಣ್ಣಿನ ಒಂದು ಬಿರುಕಿನಲ್ಲಿ ನೆಟ್ಟಗೆ ನಿಂತಿತ್ತು, ಬಾಯಿ ಮಾತ್ರ ಕಾಣುತ್ತಿತ್ತು. ಕಡ್ಡಿಯಿಂದ ಎಬ್ಬಿಸಿ, ಮಣ್ಣು ಊದಿ, ಡಬ್ಬಿಗೆ ಹಾಕಿ ರಿಜಿಸ್ಟರ್‌ಗೆ ಸಹಿ ಮಾಡಿದೆ.