ಸೇಡಿನ ಗೋಪುರಗಳ ಊರುಗಳಲ್ಲಿ: ಫ್ಲಾರೆನ್ಸ್, ಸಾನ್ ಜಿಮಿನ್ಯಾನೊ

ಇಟಲಿಯ ಫ್ಲಾರೆನ್ಸ್‌ಗೆ ಹೋಗೋರು ಹೆಚ್ಚಾಗಿ ಪೇಂಟಿಂಗ್, ಶಿಲ್ಪ, ಚರ್ಚ್ ನೋಡೋಕೆ ಹೋಗ್ತಾರೆ, ನಾನೂ ನನ್ನ ತಂಗಿನೂ ಅದೆಲ್ಲ ನೋಡಿದ್ವಿ, ಕಣ್ಣು ತುಂಬ ನೋಡಿದ್ವಿ, ಆದ್ರೆ ನಾನು ಆ ಊರಿಗೆ ಹೋಗ್ಲೇಬೇಕು ಅಂತ ಹಠ ಹಿಡಿದಿದ್ದು ಬೇರೆ ಕಾರಣಕ್ಕೆ. 13ನೇ ಶತಮಾನದಲ್ಲಿ ಅಲ್ಲಿನ ದೊಡ್ಡ ಮನೆತನಗಳು ತಲೆಮಾರುಗಟ್ಟಲೆ ಹಗೆ ಸಾಧಿಸ್ತಾ ಒಬ್ರನ್ನೊಬ್ರು ಕೊಂದಿದ್ದು, ಆ ಹಗೆ ಊರಿನ ಬೀದಿ ಚೌಕ ಗೋಪುರ ಎಲ್ಲದರ ಮೇಲೂ ಗುರುತು ಬಿಟ್ಟು ಹೋಗಿದ್ದು, ಇದನ್ನ ಓದಿದಾಗಿಂದ ಆ ಜಾಗದಲ್ಲೇ ನಿಂತು ನೋಡ್ಬೇಕು ಅನ್ನೋ ಆಸೆ ಹೋಗಿರ್ಲಿಲ್ಲ.

ಮೊದಲು ಪೊಂತೆ ವೆಕ್ಯೊ. ಆರ್ನೊ ನದಿ ಮೇಲಿರೋ ಹಳೇ ಸೇತುವೆ, ಎರಡೂ ಕಡೆ ಚಿನ್ನದ ಅಂಗಡಿಗಳು, ಬೆಳಿಗ್ಗೆ ಬೇಗ ಹೋದ್ರೆ ಮಾತ್ರ ಸ್ವಲ್ಪ ನಡೆಯೋಕೆ ಜಾಗ. ಅಲ್ಲಿ ಗೋಡೆಗೆ ದಾಂತೆ ಕವಿಯ ಸಾಲುಗಳಿರೋ ಒಂದು ಕಲ್ಲಿನ ಫಲಕ ಇದೆ, ಸೇತುವೆ ಕಾಯೋ ಆ ಮುಕ್ಕಾದ ಕಲ್ಲಿಗೆ ಫ್ಲಾರೆನ್ಸ್ ತನ್ನ ನೆಮ್ಮದಿಯ ಕೊನೇ ದಿನದಲ್ಲಿ ಒಂದು ಬಲಿ ಕೊಡ್ಲೇಬೇಕಿತ್ತು ಅನ್ನೋ ಅರ್ಥದ್ದು. ಮುಕ್ಕಾದ ಕಲ್ಲು ಅಂದ್ರೆ ಸೇತುವೆ ತುದೀಲಿ ನಿಂತಿದ್ದ ಯುದ್ಧದೇವತೆ ಮಾರ್ಸ್‌ನ ಒಡೆದ ವಿಗ್ರಹ, 1333ರ ಪ್ರವಾಹದಲ್ಲಿ ಕೊಚ್ಚಿಹೋಯ್ತು. ಬಲಿ ಅಂದ್ರೆ ಬುವೊಂದೆಲ್ಮೊಂತೆ ಅನ್ನೋ ಹುಡುಗ.

ಕಥೆ ಶುರುವಾಗಿದ್ದು ಒಂದು ಊಟದ ಪಂಕ್ತೀಲಿ. ಫ್ಲಾರೆನ್ಸ್ ಹತ್ರದ ಕಾಂಪಿ ಅನ್ನೋ ಊರಲ್ಲಿ ಯಾರೋ ನೈಟ್ ಪದವಿ ಪಡೆದ ಸಂಭ್ರಮ, ವಿದೂಷಕ ಒಬ್ಬ ತಟ್ಟೆ ಕಿತ್ಕೊಂಡ, ಮಾತಿಗೆ ಮಾತು ಬೆಳೀತು, ಬುವೊಂದೆಲ್ಮೊಂತೆ ಚಾಕು ತೆಗೆದು ಒದ್ದೊ ಅರ್ರಿಗಿ ಅನ್ನೋನ ತೋಳಿಗೆ ಗಾಯ ಮಾಡಿದ. ಹಿರಿಯರು ಸೇರಿ ರಾಜಿ ಮಾಡಿದ್ರು, ಆಗಿನ ಕಾಲದ ರಾಜಿ ಅಂದ್ರೆ ಮದುವೆ ಸಂಬಂಧ, ಒದ್ದೊನ ಅಕ್ಕತಂಗಿಯ ಮಗಳಾದ ಅಮಿದೇಯಿ ಮನೆತನದ ಹುಡುಗೀನ ಇವನು ಮದುವೆ ಆಗ್ಬೇಕು ಅಂತ ತೀರ್ಮಾನ ಆಯ್ತು. ಅಷ್ಟರಲ್ಲಿ ದೊನಾತಿ ಮನೆಯ ಗ್ವಾಲ್ದ್ರಾದಾ ಅನ್ನೋ ಹೆಂಗಸು ಅವನನ್ನ ಕರೆದು, ಹೆದರ್ಕೊಂಡು ಮದುವೆ ಆಗ್ತಿದ್ಯಾ, ನನ್ನ ಮಗಳನ್ನ ನೋಡು, ತಪ್ಪಿದ್ದಕ್ಕೆ ಬೀಳೋ ದಂಡ ನಾವು ಕಟ್ತೀವಿ ಅಂದ್ಳು. ಅವನು ಒಪ್ಕೊಂಡ. ಇತ್ಲಾಗೆ ಅಮಿದೇಯಿಗಳು ಕಾಯ್ತಾ ಇದ್ದಾರೆ, ಹುಡುಗ ಬರ್ಲಿಲ್ಲ.

ಅಮಿದೇಯಿಗಳು ನೆಂಟರನ್ನೆಲ್ಲ ಸೇರಿಸಿ ಕೂತ್ರು, ಹೊಡೆದು ಬಿಡೋಣ ಅಂತ ಕೆಲವರು, ಮುಖಕ್ಕೆ ಗಾಯ ಮಾಡೋಣ ಅಂತ ಕೆಲವರು, ಆಗ ಮೋಸ್ಕಾ ದೇಯಿ ಲಂಬೆರ್ತಿ ಅನ್ನೋನು ಒಂದೇ ಮಾತಲ್ಲಿ, ಅರೆಬರೆ ಬೇಡ, ಕೆಲಸ ಮುಗಿಸಿಬಿಟ್ರೆ ಮುಗೀತು ಅಂದ. 1216ರ ಈಸ್ಟರ್ ಬೆಳಿಗ್ಗೆ, ಬಿಳಿ ಬಟ್ಟೆ ಹಾಕ್ಕೊಂಡು ಬಿಳಿ ಕುದುರೆ ಮೇಲೆ ಸೇತುವೆ ದಾಟಿ ಬಂದ ಬುವೊಂದೆಲ್ಮೊಂತೇನ ಮಾರ್ಸ್ ವಿಗ್ರಹದ ಕಾಲಬುಡದಲ್ಲೇ ಕೆಡವಿ ಕೊಂದ್ರು. ಆ ಮೋಸ್ಕಾನ್ನ ದಾಂತೆ ತನ್ನ 'ಡಿವೈನ್ ಕಾಮೆಡಿ' ಕಾವ್ಯದ ನರಕದಲ್ಲಿ ಎರಡೂ ಕೈ ಕತ್ತರಿಸಿದ ಸ್ಥಿತೀಲಿ ನಿಲ್ಲಿಸಿದಾನೆ.

ಊರು ಪೋಪ್ ಕಡೆಯ ಗ್ವೆಲ್ಫ್, ಚಕ್ರವರ್ತಿ ಕಡೆಯ ಗಿಬೆಲ್ಲೀನ್ ಅಂತ ಎರಡು ಪಾಲಾಗಿದ್ದು ಈ ಕೊಲೆಯಿಂದ್ಲೇ ಅಂತ ಅಲ್ಲಿಯ ಹಳೇ ಚರಿತ್ರೆಕಾರರು ಬರೆದ್ರು. ಪೋಪ್ ಮತ್ತು ಚಕ್ರವರ್ತಿ ಜಗಳ ಇಟಲಿ ತುಂಬ ಇತ್ತು, ಒಂದು ಮದುವೆ ತಪ್ಪಿದ್ದಕ್ಕೇ ಎಲ್ಲ ಆಯ್ತು ಅಂತ ನಾನು ನಂಬಲ್ಲ, ಆದ್ರೆ ಬೀದೀಲಿ ಯಾರು ಯಾವ ಪಕ್ಷ ಅಂತ ತೀರ್ಮಾನ ಆಗ್ತಿದ್ದಿದ್ದು ಯಾರ ಮನೆ ಮೇಲೆ ಯಾರಿಗೆ ಹಗೆ ಅನ್ನೋದ್ರಿಂದ್ಲೇ ಅನ್ನೋದು ಮಾತ್ರ ನಿಜ. ನನಗೆ ಸಂಕಟ ಆಗಿದ್ದು ಇನ್ನೊಂದಕ್ಕೆ. ಬುವೊಂದೆಲ್ಮೊಂತೆ ಹೆಸರು ಉಳೀತು, ಕೊಂದವರ ಹೆಸರು, ಸಲಹೆ ಕೊಟ್ಟೋನ ಹೆಸರು, ಬಟ್ಟೆ ಬಣ್ಣ, ಕುದುರೆ ಬಣ್ಣ ಎಲ್ಲ ಉಳೀತು, ಅಷ್ಟು ವಿವರವಾಗಿ ಬರೆದ ಚರಿತ್ರೆಕಾರ ಜೊವಾನ್ನಿ ವಿಲ್ಲಾನಿ ಆ ಅಮಿದೇಯಿ ಹುಡುಗಿ ಹೆಸರು ಬರೀಲಿಲ್ಲ. ಅವಳನ್ನ ರಾಜಿಗೆ ಕೊಟ್ರು, ಅವಳ ಮಾನದ ಹೆಸರಲ್ಲೇ ಕೊಂದ್ರು, ಆಮೇಲೆ ಅವಳೇನಾದ್ಳೋ ಯಾರೂ ಕೇಳ್ಲಿಲ್ಲ. "ಅಕ್ಕಾ, ಅವಳಿಗೊಂದು ಫಲಕ ಇಲ್ವಲ್ಲ" ಅಂದ್ಳು ತಂಗಿ. ಇಲ್ಲ.

ಸೇತುವೆಯಿಂದ ಪೋರ್ ಸಾಂತಾ ಮರಿಯಾ ಬೀದಿಗೆ ಬಂದ್ರೆ ಅಮಿದೇಯಿ ಗೋಪುರ ಸಿಗತ್ತೆ, ಮುಂದೆ ಎರಡು ಸಿಂಹದ ತಲೆಗಳು. 1944ರಲ್ಲಿ ಜರ್ಮನ್ ಸೈನ್ಯ ಸೇತುವೆಯ ಎರಡೂ ಬದಿ ಸ್ಫೋಟಿಸಿದಾಗ ಈ ಗೋಪುರ ತುಂಬ ಹಾಳಾಯ್ತು, ಈಗಿರೋದು ರಿಪೇರಿ ಆಗಿ ಎದ್ದು ನಿಂತಿರೋದು. ಇಂಥ ಗೋಪುರ ಒಂದು ಕಾಲದಲ್ಲಿ ಊರ ತುಂಬ. ಒಬ್ಬರದ್ದಲ್ಲ, ದಾಯಾದಿಗಳು, ನಂಬಿಕಸ್ತ ನೆರೆಹೊರೆಯವರು ಪಾಲು ಹಾಕಿ ಕಟ್ತಿದ್ರು, ಪ್ರತಿಜ್ಞೆ ಮಾಡಿ ಪತ್ರ ಬರೆಸ್ತಿದ್ರು, ರಿಪೇರಿ ಖರ್ಚು ಹಂಚ್ಕೊಬೇಕು, ಹೊರಗಿನವರಿಗೆ ಮಾರೋ ಹಾಗಿಲ್ಲ. ಜಗಳ ಎದ್ರೆ ಮೇಲಿಂದ ಕಲ್ಲು ಎಸೀಬಹುದು, ಬಾಗಿಲು ಹಾಕ್ಕೊಂಡು ಒಳಗೆ ಬಚಾವಾಗಬಹುದು. 1250ರಲ್ಲಿ ಸಾಮಾನ್ಯ ಜನರ ಕೈಗೆ ಆಡಳಿತ ಬಂದಾಗ ಮೊದಲು ಮಾಡಿದ ಕೆಲಸಗಳಲ್ಲಿ ಒಂದು, ಎಲ್ಲಾ ಗೋಪುರಗಳನ್ನೂ 50 ಬ್ರಾಚ್ಚಾ, ಅಂದ್ರೆ ಸುಮಾರು 29 ಮೀಟರ್‌ಗೆ ಕತ್ತರಿಸಿದ್ದು, ಕೆಡವಿದ ಕಲ್ಲಲ್ಲಿ ನದಿಯಾಚೆ ಕೋಟೆಗೋಡೆ ಕಟ್ಟಿದ್ದು.

ಆಮೇಲೆ ಪಿಯಾತ್ಸಾ ದೆಲ್ಲಾ ಸಿನ್ಯೋರಿಯಾ. ಪ್ರತಿಯೊಬ್ಬ ಟೂರಿಸ್ಟೂ ಫೋಟೋ ತೆಗೆಯೋ ಚೌಕ, ಆದ್ರೆ ಅದು ಖಾಲಿ ಜಾಗ ಆಗಿದ್ದು ಹೇಗೆ ಅಂತ ಗೊತ್ತಾದ್ಮೇಲೆ ನನಗೆ ಅಲ್ಲಿ ಸಲೀಸಾಗಿ ಕೂರೋಕೆ ಆಗ್ಲಿಲ್ಲ. ಅಲ್ಲಿ ಉಬೆರ್ತಿ ಮನೆತನದ ಮನೆಗಳಿದ್ವು, ಗಿಬೆಲ್ಲೀನ್ ಪಕ್ಷದ ಮುಂದಾಳುಗಳು. 1260ರ ಸೆಪ್ಟೆಂಬರ್ 4ಕ್ಕೆ ಸಿಯೆನಾ ಹತ್ರದ ಮೊಂತಾಪೆರ್ತೀಲಿ ಗಿಬೆಲ್ಲೀನ್ ಕಡೆ ಗೆದ್ದಾಗ ಫ್ಲಾರೆನ್ಸ್ ಊರನ್ನೇ ನೆಲಸಮ ಮಾಡೋಣ ಅಂತ ಮಿತ್ರರೆಲ್ಲ ಹೇಳಿದ್ರು, ಒಬ್ಬನೇ ಎದ್ದು ಬೇಡ ಅಂದಿದ್ದು ಫರಿನಾತಾ ದೆಲ್ಯಿ ಉಬೆರ್ತಿ. ಊರು ಉಳೀತು. ಆದ್ರೆ ಗೆದ್ದವರು ಗ್ವೆಲ್ಫ್ ಮನೆಗಳನ್ನ ಕೆಡವೋದು ಬಿಡ್ಲಿಲ್ಲ, ಆಮೇಲೆ 1269ರಲ್ಲಿ ನಷ್ಟದ ಲೆಕ್ಕ ಬರೆಸಿದಾಗ ಊರು ಸುತ್ತಲ ಹಳ್ಳಿಗಾಡು ಸೇರಿ 103 ದೊಡ್ಡ ಬಂಗಲೆ, 580 ಮನೆ, 85 ಗೋಪುರ ಅಂತ ಪಟ್ಟಿ ಆಯ್ತು. ಗ್ವೆಲ್ಫರು ವಾಪಸ್ ಬಂದಿದ್ದು ಗಿಬೆಲ್ಲೀನ್ ಕಡೆ ಸೋತ 1266ರ ಬೆನೆವೆಂತೊ ಯುದ್ಧದ ನಂತರ, ಬಂದವರು ಉಬೆರ್ತಿ ಮನೆಗಳನ್ನ ನೆಲಕ್ಕೆ ಸಮ ಮಾಡಿ ಆ ಜಾಗದಲ್ಲಿ ಇನ್ನೆಂದೂ ಏನೂ ಕಟ್ಟಬಾರ್ದು ಅಂದ್ರು. 1299ರಲ್ಲಿ ಊರ ಆಡಳಿತದ ಕಟ್ಟಡ ಪಲಾತ್ಸೊ ವೆಕ್ಯೊ ಶುರು ಮಾಡಿದಾಗಲೂ ಅಡಿಪಾಯ ಉಬೆರ್ತಿ ನೆಲದ ಮೇಲೆ ಬೀಳಬಾರ್ದು ಅಂತ ಕಟ್ಟಡಾನೇ ಸೊಟ್ಟಗೆ ಮಾಡಿದ್ರು ಅಂತ ವಿಲ್ಲಾನಿ ಬರೀತಾನೆ, ನಿಂತು ನೋಡಿದ್ರೆ ಆ ಸೊಟ್ಟ ಕಾಣತ್ತೆ. ಊರು ಉಳಿಸಿದ ಫರಿನಾತಾನ ಗತಿ ಏನಾಯ್ತು ಗೊತ್ತಾ, ಅವನು ಸತ್ತಿದ್ದು 1264ರಲ್ಲಿ, 1283ರಲ್ಲಿ ಧರ್ಮದ್ರೋಹಿ ಅಂತ ತೀರ್ಪು ಕೊಟ್ಟು ಮೂಳೆಗಳನ್ನ ಸಮಾಧಿಯಿಂದ ತೆಗೆಸಿದ್ರು.

ಮಾರನೇ ದಿನ ಸಾನ್ ಜಿಮಿನ್ಯಾನೊ. ಫ್ಲಾರೆನ್ಸ್‌ನಿಂದ ಬಸ್, ಪೊಜ್ಜಿಬೊನ್ಸೀಲಿ ಇಳಿದು ಇನ್ನೊಂದು ಬಸ್, ದ್ರಾಕ್ಷಿ ತೋಟ, ಆಲಿವ್ ಗುಡ್ಡಗಳ ಮಧ್ಯೆ ದಾರಿ ತಿರುಗ್ತಾ ಇದ್ದ ಹಾಗೆ ದೂರದಲ್ಲಿ ಬೆಟ್ಟದ ಮೇಲೆ ಗೋಪುರಗಳು ಒಟ್ಟಿಗೆ ಕಾಣಿಸ್ತವೆ, ಕಳ್ಳಿಗಿಡದ ಬೇಲಿ ಥರ. ಒಂದು ಕಾಲಕ್ಕೆ 72 ಇದ್ವಂತೆ, ಈಗ 14. ಕೇಸರಿ ವ್ಯಾಪಾರದಿಂದ, ರೋಮಿಗೆ ಹೋಗೋ ಯಾತ್ರಿಕರ ದಾರಿಯಿಂದ ದುಡ್ಡು ಬಂತು, ಆ ದುಡ್ಡು ಗೋಪುರ ಆಯ್ತು. ಎಲ್ಲಕ್ಕಿಂತ ಎತ್ತರದ ತೊರ್ರೆ ಗ್ರೊಸ್ಸಾ ಊರ ಆಡಳಿತದ್ದು, 54 ಮೀಟರ್, ಹತ್ತೋಕೆ ಬಿಡ್ತಾರೆ. ಮೇಲಿಂದ ನೋಡಿದ್ರೆ ಅರ್ಥ ಆಗತ್ತೆ, ಒಂದು ಗೋಪುರದಿಂದ ಇನ್ನೊಂದು ಎಷ್ಟು ಹತ್ರ, ಕೂಗಿದ್ರೆ ಕೇಳೋಷ್ಟು ಹತ್ರ. ಹಗೆ ಇದ್ದಿದ್ದು ದೂರದ ಶತ್ರು ಮೇಲಲ್ಲ, ದಿನಾ ಮುಖ ನೋಡೋ ಎದುರುಮನೆ ಮೇಲೆ. ಗೋಡೆಗಳಲ್ಲಿ ಚೌಕದ ತೂತುಗಳು ಸಾಲಾಗಿ ಕಾಣ್ತವೆ, ಮರದ ತೊಲೆ ಸಿಗಿಸೋ ತೂತುಗಳು, ಅಲ್ಲಿ ಹೊರಗೆ ಚಾಚಿದ ಮರದ ಅಟ್ಟಣೆಗಳಿರ್ತಿದ್ವು.

ಇಲ್ಲಿಯ ಎರಡು ಮನೆತನ ಅರ್ದಿಂಗೆಲ್ಲಿ, ಸಾಲ್ವುಚ್ಚಿ. ಇಬ್ಬರ ಗೋಪುರಗಳೂ ಇವತ್ತಿಗೂ ನಿಂತಿವೆ, ಸಾಲ್ವುಚ್ಚಿದು ಅವಳಿ ಗೋಪುರ. 1348ರ ಪ್ಲೇಗ್‌ನಲ್ಲಿ ಊರಿನ ಜನ ಲೆಕ್ಕವಿಲ್ಲದಷ್ಟು ಸತ್ರು, ಆದ್ರೂ ಉಳಿದವರು ಹಗೆ ಬಿಡ್ಲಿಲ್ಲ, ಇದನ್ನ ನನಗೆ ಈಗ್ಲೂ ಜೀರ್ಣಿಸ್ಕೊಳ್ಳೋಕೆ ಆಗಲ್ಲ. 1352ರಲ್ಲಿ ಅರ್ದಿಂಗೆಲ್ಲಿ ಮನೆಯ ಇಬ್ಬರು ಹುಡುಗರ ತಲೆ ತೆಗೆಸಿದ್ರು, ಅದೇ ವರ್ಷ ಸಾಲ್ವುಚ್ಚಿ ಮನೆಗಳು ಸುಟ್ಟುಹೋದ್ವು, 1353ರಲ್ಲಿ ಊರು ತನ್ನ ಸ್ವಾತಂತ್ರ್ಯವನ್ನೇ ಫ್ಲಾರೆನ್ಸ್ ಕೈಗೆ ಒಪ್ಪಿಸ್ತು.

ವಾಪಸ್ ಫ್ಲಾರೆನ್ಸ್‌ಗೆ ಬಂದ್ಮೇಲೆ ನದಿಯಾಚೆ ಇರೋ ಮನ್ನೆಲ್ಲಿ ಗೋಪುರ ನೋಡೋಕೆ ಹೋದ್ವಿ, ಸೇತುವೆ ತುದೀಲೇ ಇದೆ, 1565ರಲ್ಲಿ ಊರು ಆಳ್ತಿದ್ದ ಮೆದಿಚಿ ಮನೆತನದವರು ಓಡಾಡೋಕೆ ಕಟ್ಟಿಸಿದ ಎತ್ತರದ ಮುಚ್ಚಿದ ಹಾದಿ, ವಸಾರಿ ಕಾರಿಡಾರ್, ಈ ಗೋಪುರಾನ ಸುತ್ತಿಹಾಕ್ಕೊಂಡು ಹೋಗತ್ತೆ, ಮನ್ನೆಲ್ಲಿಗಳು ಕೆಡವೋಕೆ ಬಿಡ್ಲಿಲ್ಲ ಅಂತ. ಆದ್ರೆ ನಾನು ಹೇಳ್ಬೇಕಾಗಿರೋದು ವೆಲ್ಲೂತಿ ಮನೆತನದ ವಿಷಯ. 1267ರಲ್ಲಿ ಮನ್ನೆಲ್ಲಿಗಳು ಗೀನೊ ವೆಲ್ಲೂತೀನ ಕೊಂದ್ರು. ವೆಲ್ಲೂತಿಗಳು ಬಟ್ಟೆ ವ್ಯಾಪಾರದವರು, ಕತ್ತಿ ಹಿಡಿದ ಜಾತಿ ಅಲ್ಲ, ಲೆಕ್ಕದ ಪುಸ್ತಕ ಬರೆಯೋ ಜನ. 28 ವರ್ಷ ಕಾದ್ರು. 1295ರಲ್ಲಿ ಊರ ದೊಡ್ಡ ಹಬ್ಬ, ಸಂತ ಜೊವಾನ್ನಿಯ ದಿನ, ಲಿಪ್ಪೊ ಮನ್ನೆಲ್ಲೀನ ಕೊಂದು ಬಾಕಿ ತೀರಿಸಿದ್ರು. ಇದನ್ನ ಬರೆದಿಟ್ಟಿದ್ದು ಅದೇ ಮನೆಯ ದೊನಾತೊ ವೆಲ್ಲೂತಿ, ಅವನು ವಕೀಲ, ಕಾನೂನು ಓದಿದೋನು.

ಕಾನೂನು ಇರ್ಲಿಲ್ವಾ ಅಂದ್ರೆ ಇತ್ತು, ಅದೇ ನನ್ನನ್ನ ಹೆಚ್ಚು ಕಾಡೋದು. ಫ್ಲಾರೆನ್ಸ್‌ನ ಕಟ್ಟಳೆಗಳು ಸೇಡನ್ನ ನಿಷೇಧಿಸ್ಲಿಲ್ಲ, ಅದಕ್ಕೆ ಮಿತಿ ಹಾಕಿದ್ವು. ತಪ್ಪು ಮಾಡಿದೋನ ಮೇಲೇ ತೀರಿಸ್ಕೊಬೇಕು, ಅವನು ಬದುಕಿರುವಾಗ ಅಣ್ಣತಮ್ಮನ ಮೇಲೆ ಕೈ ಮಾಡಿದ್ರೆ ಶಿಕ್ಷೆ, ಆದ ಪೆಟ್ಟಿಗೆ ತಕ್ಕಷ್ಟೇ ಇರ್ಬೇಕು. 1293ರ ನ್ಯಾಯದ ಕಟ್ಟಳೆ ಬಂದ್ಮೇಲೆ ಪುಂಡ ಶ್ರೀಮಂತ ಮನೆತನದವರು 2,000 ಲಿರಾ ಮುಚ್ಚಳಿಕೆ ಬರೆದುಕೊಡ್ಬೇಕಿತ್ತು, ಒಬ್ಬ ತಪ್ಪು ಮಾಡಿದ್ರೆ ನೆಂಟರು ದಂಡ ಕಟ್ಬೇಕಿತ್ತು. ರಾಜಿಗೂ ಕ್ರಮ ಇತ್ತು, ನೋಟರಿ ಮುಂದೆ ಎರಡೂ ಕಡೆಯವರು ಬಾಯಿಗೆ ಬಾಯಿ ಕೊಟ್ಟು ಮುತ್ತಿಟ್ಟು ಪತ್ರಕ್ಕೆ ಒಪ್ಕೊಬೇಕು. ಹಗೆ ಕೊನೆಗಾಣಿಸೋಕೆ 1267ರಲ್ಲಿ ಫರಿನಾತಾನ ಮಗಳು ಬೀಚೆಗೂ ಗ್ವೆಲ್ಫ್ ಮನೆಯ ಕವಿ ಗ್ವಿದೊ ಕವಲ್ಕಾಂತಿಗೂ ಸಂಬಂಧ ಮಾಡಿದ್ರು, ಈ ಹುಡುಗಿ ಹೆಸರಾದ್ರೂ ಉಳೀತಲ್ಲ ಅಂತ ಸಮಾಧಾನ.

ಹೊರಡೋ ಹಿಂದಿನ ಸಂಜೆ ದಾಂತೆಯ ಓಣೀಲಿ ತುಂಬ ಹೊತ್ತು ಓಡಾಡಿದ್ವಿ. ಅವನ ಹೆಂಡತಿ ದೊನಾತಿ ಮನೆಯವಳು, ಅವನ ಪಕ್ಷ ಮಾತ್ರ ದೊನಾತಿಗಳ ವೈರಿಗಳಾದ ಚೆರ್ಕಿಗಳದ್ದು, ಆ ಜಗಳದಲ್ಲೇ 1302ರಲ್ಲಿ ಗಡಿಪಾರಾಗಿ ಮತ್ತೆ ಊರು ನೋಡ್ಲಿಲ್ಲ. ಅವನ ಕಾವ್ಯದ ನರಕದಲ್ಲಿ ಒಂದು ಜಾಗ ಇದೆ, ದಾಂತೆಯ ತಂದೆಯ ದಾಯಾದಿ ಜೆರಿ ದೆಲ್ ಬೆಲ್ಲೊ ದೂರದಿಂದ ಬೆರಳು ತೋರಿಸಿ ಬೆದರಿಸಿ ಮಾತಾಡದೆ ಹೊರಟು ಹೋಗ್ತಾನೆ, ಯಾಕಂದ್ರೆ ಅವನನ್ನ ಕೊಂದವರ ಮೇಲೆ ಮನೆಯವರು ಯಾರೂ ಸೇಡು ತೀರಿಸ್ಕೊಂಡಿಲ್ಲ. ಅದಕ್ಕೇ ಅವನ ಮೇಲೆ ಮರುಕ ಹೆಚ್ಚಾಯ್ತು ಅಂತಾನೆ ದಾಂತೆ. ಮೋಸ್ಕಾಗೆ ಅಷ್ಟು ಘೋರ ಶಿಕ್ಷೆ ಕೊಟ್ಟ ಕವೀನೇ ಇಲ್ಲಿ ಸ್ವಂತ ಮನೆಯ ಬಾಕಿ ಎದುರು ತಲೆ ತಗ್ಗಿಸ್ತಾನೆ, ಹಾಗಂತ ಕತ್ತೀನೂ ಹಿಡೀಲಿಲ್ಲ, ನನಗೆ ಅವನ ಮೇಲೆ ಪ್ರೀತಿ ಬಂದಿದ್ದು ಇಲ್ಲೇ. ಮುಂದೆ ದಾಂತೆಯ ಅಲಿಗೇರಿ ಮನೆಯವರು ಜೆರಿಯ ಸೇಡಿಗೆ ಸಾಕ್ಕೆತ್ತಿ ಮನೆತನದ ಒಬ್ಬನನ್ನ ಕೊಂದೇ ಕೊಂದ್ರು. ರಾಜಿ ಆಗಿದ್ದು 1342ರಲ್ಲಿ, ದಾಂತೆ ಸತ್ತು 21 ವರ್ಷ ಆದ್ಮೇಲೆ, ಅವನ ಮಲತಮ್ಮ ಫ್ರಾಂಚೆಸ್ಕೊ ತನ್ನ ಪರವಾಗಿ, ದಾಂತೆಯ ಗಂಡುಮಕ್ಕಳ ಪರವಾಗಿ ಸಾಕ್ಕೆತ್ತಿಗಳ ಜೊತೆ ಶಾಂತಿ ಪತ್ರ ಮಾಡಿಕೊಂಡ.